ಮೇಜಿನ ಮೇಲಿನ ಹಿಟ್ಟಿನ ಗಿರಣಿ

ಹಲ್ಲು ಕೊರೆಯುವ ಯಂತ್ರದ ತುದಿಗೆ ಸಿಕ್ಕಿಸುವ ಸಣ್ಣ ಕಡ್ಡಿಗೆ ನಾವು ದಂತವೈದ್ಯರು ಬರ್ ಎನ್ನುತ್ತೇವೆ. ಸವೆದ ಮೇಲೆ ಅದನ್ನು ಎಸೆಯಬೇಕು. ನಾನು ಎಸೆಯುವುದಿಲ್ಲ. ಚೆನ್ನಾಗಿ ತೊಳೆದು, ಸ್ಟೆರಿಲೈಸರಿನಲ್ಲಿ ಬೇಯಿಸಿ, ಹಳೆಯ ಬಿಸ್ಕತ್ತಿನ ಡಬ್ಬಿಯೊಂದಕ್ಕೆ ಹಾಕಿ ಮಹಡಿಗೆ ಒಯ್ಯುತ್ತೇನೆ. ನನ್ನ ಪೇಷಂಟುಗಳು ಯಾರಾದರೂ ಇದನ್ನು ಓದುತ್ತಿದ್ದರೆ ಗಾಬರಿಯಾಗಬೇಡಿ. ಆ ಡಬ್ಬಿಗೆ ಬಿದ್ದದ್ದು ಮತ್ತೆ ಮೆಟ್ಟಿಲಿಳಿದು ಯಾರ ಬಾಯಿಗೂ ಬರುವುದಿಲ್ಲ.

ಮೊನ್ನೆ ಡಬ್ಬಿ ಕೈಜಾರಿ ಎಲ್ಲವೂ ನೆಲದ ಮೇಲೆ ಚೆಲ್ಲಿದವು. ಮಂಡಿಯೂರಿ ಆರಿಸುತ್ತಿರುವಾಗ ಒಂದು ಬರ್ ಸಿಕ್ಕಿತು. ಮಿಕ್ಕವೆಲ್ಲ ನಿಧಾನವಾಗಿ ದುಡಿದು ಸವೆದಂಥವು. ಇದು ಮಾತ್ರ ಒಂದೇ ದಿನದಲ್ಲಿ ತಲೆ ಕಳೆದುಕೊಂಡು ಮೊಂಡಾಗಿತ್ತು. ಯಾವ ದಿನ, ಯಾರ ಕೈಯಲ್ಲಿ ಎಂಬುದು ನೆನಪಾಗಿ ಅಲ್ಲೇ ನೆಲದ ಮೇಲೆ ಕೂತುಬಿಟ್ಟೆ. ನಮ್ಮನೆಯವರು ರುದ್ರೇಶ್ ಕೆಳಗಿನಿಂದ ಎರಡು ಸಲ ಊಟಕ್ಕೆ ಕರೆದರು. ಮೂರನೆಯ ಸಲ ಕರೆಯುವವರಲ್ಲ ಅವರು, ಕಾಲೇಜಿನಲ್ಲಿ ಗಣಿತ ಹೇಳುವವರು. ಎರಡು ಸಲ ಹೇಳಿದ್ದು ತಿಳಿಯದವರಿಗೆ ಮೂರನೆಯದೂ ತಿಳಿಯುವುದಿಲ್ಲ ಎಂಬುದು ಅವರ ಸಿದ್ಧಾಂತ.

ದಾವಣಗೆರೆಯ ಎಂ.ಸಿ.ಸಿ. ಬಿ ಬ್ಲಾಕಿನಲ್ಲಿ ನಮ್ಮ ಮನೆ. ಕೆಳಗೆ ಮುಂಭಾಗದಲ್ಲಿ ನನ್ನ ಕ್ಲಿನಿಕ್ಕು, ಹಿಂದೆ ಸಂಸಾರ, ಮೇಲೆ ಬಾಡಿಗೆಗೆಂದು ಕಟ್ಟಿಸಿದ ಒಂಟಿ ಕೋಣೆ. ಬಾಡಿಗೆಗೆ ಬಂದವರು ಒಬ್ಬರೂ ಇಲ್ಲ, ಏಕೆಂದರೆ ನಾನು ಯಾರಿಗೂ ತೋರಿಸಲೇ ಇಲ್ಲ. ಗಾರೆ ಒಣಗುವ ಮೊದಲೇ ಅಲ್ಲಿ ಒಂದು ಮರದ ಮೇಜು, ಲೋಹವನ್ನು ಬಿಗಿಹಿಡಿಯುವ ಒಂದು ವೈಸು ಬಂದು ಕೂತಿದ್ದವು. ಆಮೇಲೆ ಹರಿಹರದಲ್ಲಿ ಮುಚ್ಚಿಹೋದ ಸಣ್ಣ ವರ್ಕ್‌ಶಾಪೊಂದರಿಂದ ಲೋಹ ಕಡೆಯುವ, ಹೊಲಿಗೆ ಯಂತ್ರದಷ್ಟಿದ್ದ ಲೇತ್ ಬಂತು. ನೋಡಲು ಹೊಲಿಗೆ ಯಂತ್ರದಷ್ಟು, ಎತ್ತಲು ನಾಲ್ಕಾಳು. ಅವರು ಏದುಸಿರು ಬಿಡುತ್ತ ಮೆಟ್ಟಿಲು ಹತ್ತಿಸುತ್ತಿದ್ದಾಗ ಎದುರುಮನೆಯಾಕೆ ಗೇಟಿಗೆ ಬಂದು, ಮೇಡಂ ಮನೆಯಲ್ಲೇ ಜಿಮ್ ಮಾಡ್ತಿದೀರಾ ಎಂದು ವಿಚಾರಿಸಿದರು. ನನ್ನ ದೇಹವನ್ನು ಒಮ್ಮೆ ಮೇಲಿನಿಂದ ಕೆಳಗೆ ನೋಡಿ, ಒಳ್ಳೇದು ಮಾಡಿದಿರಿ ಎಂದೂ ಸೇರಿಸಿದರು.

ಅಲ್ಲಿ ನಾನು ಮಾಡುವುದು ಆಟಿಕೆ. ಆದರೆ ಕೆಲಸ ಮಾಡುವ ಆಟಿಕೆ. ದೊಡ್ಡ ಯಂತ್ರವೊಂದನ್ನು ಎಂಟನೇ ಒಂದರಷ್ಟಕ್ಕೋ ಹತ್ತನೇ ಒಂದರಷ್ಟಕ್ಕೋ ಇಳಿಸಿ, ದೊಡ್ಡದು ಮಾಡುತ್ತಿದ್ದ ಕೆಲಸವನ್ನೇ ಅದರಿಂದ ಮಾಡಿಸುವುದು. ತಿರುಗದ ಗಾಲಿ, ತೆರೆಯದ ಬಾಗಿಲು, ಬಣ್ಣ ಬಳಿದು ಗಾಜಿನ ಪೆಟ್ಟಿಗೆಯಲ್ಲಿಟ್ಟ ಬೊಂಬೆ ನನಗೆ ಆಗಿಬರುವುದಿಲ್ಲ. ಮೊದಲು ಬಾವಿಯ ರಾಟೆ ಮಾಡಿದೆ, ಹೆಬ್ಬೆರಳಿನಷ್ಟು ಕೊಡದಲ್ಲಿ ನೀರೆತ್ತಿತು. ಆಮೇಲೆ ಕಬ್ಬಿನ ಗಾಣ. ಆ ಗಾಣಕ್ಕೆ ಹೊಂದುವ ಕಬ್ಬು ಭೂಮಿಯ ಮೇಲೆ ಬೆಳೆಯುವುದಿಲ್ಲವಾದ್ದರಿಂದ ಕೊತ್ತಂಬರಿ ದಂಟು ಕೊಟ್ಟೆ. ಎರಡು ಹನಿ ಹಸಿರು ರಸ ಬಂತು. ರುದ್ರೇಶ್ ಅದನ್ನು ನಾಲಿಗೆಗೆ ಹಚ್ಚಿಕೊಂಡು, ಉಪ್ಪು ಕಡಿಮೆ ಎಂದರು.

ಈ ಹುಚ್ಚು ಎಲ್ಲಿಂದ ಬಂತು ಎಂದು ಕೇಳುವವರಿಗೆ ನಾನು ಕಾಲೇಜಿನ ಕಡೆ ಬೆರಳು ತೋರಿಸುತ್ತೇನೆ. ಹಲ್ಲಿಗೆ ಟೋಪಿ ಮಾಡುವುದನ್ನು ಕಲಿಸುವಾಗ ಮೊದಲು ಮೇಣದಲ್ಲಿ ತಿದ್ದಿ, ಅದರ ಸುತ್ತ ಅಚ್ಚು ಕಟ್ಟಿ, ಮೇಣವನ್ನು ಕರಗಿಸಿ ಹೊರಹಾಕಿ, ಆ ಖಾಲಿ ಜಾಗಕ್ಕೆ ಲೋಹ ಹೊಯ್ಯಿಸುತ್ತಿದ್ದರು. ಗೆಳತಿಯರು ಒಂದು ದವಡೆ ಹಲ್ಲು ಹೊಯ್ದು ಉಸ್ಸಪ್ಪ ಎಂದು ಎದ್ದು ಹೋದರೆ, ನಾನು ಮಿಕ್ಕ ಮೇಣದಲ್ಲಿ ಹಲ್ಲುಚಕ್ರ ಮಾಡುತ್ತ ಕೂರುತ್ತಿದ್ದೆ. ಈಗಲೂ ಉಗುರಿನ ಸಂದಿಯಲ್ಲಿ ಗ್ರೀಸಿನ ಕಪ್ಪು ಉಳಿದಿರುತ್ತದೆ. ಕೈಗವಸು ಹಾಕುವ ಕಸುಬು ಆದದ್ದರಿಂದ ಮಾನ ಉಳಿದಿದೆ.

ಆದರೆ ನಿಜ ಹೇಳಬೇಕೆಂದರೆ ಹುಚ್ಚು ಕಾಲೇಜಿಗಿಂತ ಹಳೆಯದು. ಅದು ಹರಿಹರದ್ದು.

ನಾನು ಹುಟ್ಟಿ ಬೆಳೆದದ್ದು ಹರಿಹರದಲ್ಲಿ. ಅಪ್ಪ ಅಂಚೆ ಕಚೇರಿಯಲ್ಲಿ ಗುಮಾಸ್ತರು. ನಾವಿದ್ದ ಬಾಡಿಗೆ ಮನೆಯ ಎದುರಿಗೇ ಮಕ್ಬುಲ್ ಸಾಬರ ಹಿಟ್ಟಿನ ಗಿರಣಿ. ಕರೆಂಟಿನದಲ್ಲ, ಆಯಿಲ್ ಎಂಜಿನ್ನಿನದು. ಆಳೆತ್ತರದ ಎರಡು ಗಾಲಿ, ಅಲ್ಲಿಂದ ಗೋಡೆಯ ತೂತಿನ ಮೂಲಕ ಒಳಕ್ಕೆ ಹೋಗುವ ಅಗಲವಾದ ಬೆಲ್ಟು, ಒಳಗೆ ಒಂದರ ಮೇಲೊಂದು ಮಲಗಿದ ಎರಡು ಗುಂಡು ಕಲ್ಲು. ಎಂಜಿನ್ನಿನ ಹೊಗೆ ಕೊಳವೆಯ ತುದಿಗೆ ಒಂದು ತಗಡಿನ ಲೋಟ ಬೋರಲು ಹಾಕಿದ್ದರು. ಅದು ಪುಕ್ ಪುಕ್ ಎಂದು ಓಣಿಗೆಲ್ಲ ಕೇಳುವಂತೆ ಬಡಿದುಕೊಂಡರೆ ಗಿರಣಿ ಶುರುವಾಯಿತು ಎಂದು ಅರ್ಥ. ಹೆಂಗಸರು ಡಬ್ಬಿ ಹಿಡಿದು ಹೊರಡುತ್ತಿದ್ದರು. ಅಲ್ಲಿ ಸಾಲಿನಲ್ಲಿ ಯಾರ ಹಿಂದೆ ಯಾರು ಎಂಬುದು ಸಣ್ಣ ವಿಷಯವಲ್ಲ. ಮೊದಲು ಬೀಸಿಸಿದವರ ಹಿಟ್ಟು ಒಂದಿಷ್ಟು ಕಲ್ಲಿನಲ್ಲೇ ಉಳಿದು ಆಮೇಲಿನವರ ಡಬ್ಬಿಗೆ ಬೀಳುತ್ತದಲ್ಲ, ರಾಗಿ ತಂದವಳ ಹಿಂದೆ ಅಕ್ಕಿಯವಳು ನಿಲ್ಲಲು ಒಪ್ಪುತ್ತಿರಲಿಲ್ಲ. ಅಮ್ಮ ನನ್ನನ್ನು ಕಳಿಸುವಾಗ, ಬಿಳೀಜೋಳದವರ ಹಿಂದೇನೇ ನಿಲ್ಲು ಎಂದು ಹೇಳಿ ಕಳಿಸುತ್ತಿದ್ದಳು. ಬೀಸಿದ ಹಿಟ್ಟು ಕೈಗೆ ಬಂದಾಗ ಬಿಸಿ. ಚಳಿಗಾಲದಲ್ಲಿ ಡಬ್ಬಿಯನ್ನು ಎದೆಗವಚಿಕೊಂಡು ಬೇಕೆಂದೇ ನಿಧಾನವಾಗಿ ರಸ್ತೆ ದಾಟುತ್ತಿದ್ದೆ.

ಮಕ್ಬುಲ್ ಸಾಬರ ಮಗಳು ಜುಬೇದಾ ನನ್ನ ಜೊತೆಯವಳು. ಏಳನೇ ತರಗತಿಯವರೆಗೆ ಒಂದೇ ಬೆಂಚು. ಅವಳು ನನ್ನನ್ನು ಗಿರ್ಜಿ ಎನ್ನುತ್ತಿದ್ದಳು, ಗಿರಿಜಾ ಎನ್ನುವಷ್ಟು ಪುರುಸೊತ್ತು ಅವಳಿಗಿರಲಿಲ್ಲ. ಏಳಾದ ಮೇಲೆ ಅವಳು ಶಾಲೆಗೆ ಬರಲಿಲ್ಲ. ಹಿಟ್ಟಿಗೆ ಹೋದಾಗ ಕಲ್ಲಿನ ಬಾಯಿಗೆ ಚೀಲ ಹಿಡಿದು ಕೂತಿರುತ್ತಿದ್ದಳು, ಕಣ್ರೆಪ್ಪೆಯೆಲ್ಲ ಬೆಳ್ಳಗೆ. ನಾನು ಹೈಸ್ಕೂಲಿನ ಸುದ್ದಿ ಹೇಳುತ್ತಿದ್ದೆ, ಎಂಜಿನ್ನಿನ ಸದ್ದಿನಲ್ಲಿ ಅವಳಿಗೆ ಅರ್ಧ ಕೇಳುತ್ತಿತ್ತೋ ಇಲ್ಲವೋ. ಆಮೇಲೆ ಅಪ್ಪನಿಗೆ ದಾವಣಗೆರೆಗೆ ವರ್ಗವಾಯಿತು. ಹದಿನಾಲ್ಕು ಕಿಲೋಮೀಟರು ದೂರ, ಅರ್ಧ ಗಂಟೆಯ ಬಸ್ಸು. ಆದರೂ ನಾನು ಜುಬೇದಾಳನ್ನು ನೋಡಲು ಒಮ್ಮೆಯೂ ಹೋಗಲಿಲ್ಲ. ಕಾರಣ ಹುಡುಕಿದೆ, ಏನೂ ಸಿಗಲಿಲ್ಲ. ಹೋಗಲಿಲ್ಲ, ಅಷ್ಟೇ.

ಎರಡು ವರ್ಷದ ಹಿಂದೆ ಆ ಗಿರಣಿಯನ್ನೇ ಮಾಡಬೇಕು ಎಂದು ಮನಸ್ಸಿಗೆ ಬಂತು. ಎಂಟನೇ ಒಂದು ಅಳತೆ. ಎಂಜಿನ್ನಿಗೇ ಒಂದು ವರ್ಷ ಹಿಡಿಯಿತು. ಅಷ್ಟು ಸಣ್ಣದರಲ್ಲಿ ಡೀಸೆಲ್ ಉರಿಸುವುದು ನನ್ನ ಕೈಲಾಗಲಿಲ್ಲ, ಪೆಟ್ರೋಲಿಗೆ ಬದಲಾಯಿಸಿ ಕಿಡಿ ಕೊಡುವ ಪ್ಲಗ್ಗು ಇಟ್ಟೆ. ಅದೊಂದು ಮೋಸ, ಒಪ್ಪಿಕೊಳ್ಳುತ್ತೇನೆ. ಕಲ್ಲುಗಳನ್ನು ಮಾತ್ರ ನಿಜವಾದ ಗಿರಣಿ ಕಲ್ಲಿನ ಹಾಗೆಯೇ ಕುರುಂದವೆಂಬ ಗಟ್ಟಿ ಕಲ್ಲಿನ ಪುಡಿ ಕಲಸಿ ಅಚ್ಚಿನಲ್ಲಿ ಹೊಯ್ದೆ. ಒಂದೊಂದೂ ಅಂಗೈಯಗಲ. ಬೀಸುವ ಕಲ್ಲಿನ ಮುಖ ನುಣ್ಣಗಿದ್ದರೆ ಕಾಳು ಜಾರುತ್ತದೆ, ಅದರ ಮೇಲೆ ನಡುವಿನಿಂದ ಅಂಚಿಗೆ ಓರೆಯಾಗಿ ಗೀರು ಹಾಕಬೇಕು. ನಮ್ಮ ಕಡೆ ಇದಕ್ಕೆ ಮುಳ್ಳು ಹಾಕುವುದು ಎನ್ನುತ್ತಾರೆ. ಆ ಮುಳ್ಳನ್ನು ಹಲ್ಲಿನ ಬರ್‌ನಲ್ಲೇ ಹಾಕಿದೆ. ಕೊನೆಗೆ ತಗಡಿನ ಮಾಡು ಹೊದಿಸಿ, ದಂತದ ಮೇಣದಲ್ಲಿ ಬೆರಳುದ್ದದ ಮಕ್ಬುಲ್ ಸಾಬರನ್ನು ಟೋಪಿ ಸಮೇತ ತಿದ್ದಿ, ಕಲ್ಲಿನ ಪಕ್ಕ ನಿಲ್ಲಿಸಿದೆ.

ಮೊದಲ ಸಲ ಜೋಳ ಹಾಕಿದಾಗ ಕಲ್ಲು ಗಕ್ಕನೆ ನಿಂತುಬಿಟ್ಟಿತು. ಗಿರಣಿಯನ್ನು ಎಂಟು ಪಟ್ಟು ಸಣ್ಣದು ಮಾಡಿದ ಜಾಣೆಗೆ ಜೋಳ ಸಣ್ಣದಾಗಿಲ್ಲ ಎಂಬುದು ಹೊಳೆದಿರಲಿಲ್ಲ. ಆ ಗಿರಣಿಯ ಲೆಕ್ಕಕ್ಕೆ ಒಂದೊಂದು ಜೋಳದ ಕಾಳೂ ನಿಂಬೆಹಣ್ಣು. ರಾಗಿ ಹಾಕಿದೆ. ಕಲ್ಲು ತಿರುಗಿತು, ಸದ್ದು ಬಂತು, ಕೆಳಗೆ ರಾಗಿ ಬಿತ್ತು. ಹಿಟ್ಟಲ್ಲ, ರಾಗಿಯೇ. ಕೆಲವು ಕಾಳು ಎರಡು ಹೋಳಾಗಿದ್ದವು, ಮಿಕ್ಕವು ಸುಮ್ಮನೆ ಒಂದು ಸುತ್ತು ತಿರುಗಾಡಿಕೊಂಡು ಬಂದಂತೆ ಇದ್ದವು. ಕಲ್ಲಿನ ನಡುವಿನ ಸಂದು ಕಡಿಮೆ ಮಾಡಿದೆ, ವೇಗ ಹೆಚ್ಚಿಸಿದೆ, ಇಳಿಸಿದೆ, ಹೊಸದಾಗಿ ಕಲ್ಲು ಹೊಯ್ದು ಅದೇ ಮುಳ್ಳನ್ನು ಇನ್ನೂ ಆಳವಾಗಿ ಹಾಕಿದೆ. ಐದು ತಿಂಗಳು ಹೋಯಿತು. ರುದ್ರೇಶ್ ದಿನಾ ಸಂಜೆ ಮಂಡಕ್ಕಿ ಮಿರ್ಚಿ ಹಿಡಿದು ಮೇಲೆ ಬಂದು, ಇವತ್ತು ಏನು ಬೀಸಿತು ಎಂದು ಕೇಳುವರು. ನಾನು ತಟ್ಟೆ ತೋರಿಸುವೆ. ಬಿತ್ತನೆಗೆ ಆಗುತ್ತದೆ ಎನ್ನುವರು.

ಎಲ್ಲೋ ನೆನಪೇ ತಪ್ಪಿದೆ, ಒಮ್ಮೆ ಆ ಜಾಗವನ್ನಾದರೂ ನೋಡಿಕೊಂಡು ಬರೋಣ ಎಂದು ಒಂದು ಭಾನುವಾರ ಹರಿಹರಕ್ಕೆ ಹೋದೆ. ಗಿರಣಿ ಇದ್ದಲ್ಲಿ ಮೂರಂತಸ್ತಿನ ಕಾಂಪ್ಲೆಕ್ಸು, ಕೆಳಗೆ ಮೊಬೈಲ್ ಅಂಗಡಿ. ಅಲ್ಲಿದ್ದ ವಯಸ್ಸಾದ ಗ್ರಾಹಕರೊಬ್ಬರು, ಮಕ್ಬುಲ್ ಸಾಬರು ತೀರಿಕೊಂಡು ಎಷ್ಟೋ ವರ್ಷವಾಯಿತು, ಗಿರಣಿ ಅವರ ಮಗ ಮಾರಿದ, ಮಗಳು ಮಾತ್ರ ಹಿಂದಿನ ಓಣಿಯಲ್ಲೇ ಕಾರದ ಪುಡಿ ಮಷಿನ್ ಇಟ್ಟುಕೊಂಡಿದ್ದಾರೆ ಎಂದರು.

ಓಣಿಯ ತಿರುವಿನಲ್ಲೇ ಸೀನು ಶುರುವಾಯಿತು, ದಾರಿ ಕೇಳಬೇಕಾಗಲಿಲ್ಲ. ಮನೆಯ ಮುಂದಿನ ಕೋಣೆಯಲ್ಲಿ ಒಂದು ಕರೆಂಟಿನ ಮಷಿನ್ ಗುಡುಗುತ್ತಿತ್ತು. ಅದರ ಮುಂದೆ ಮೂಗು ಬಾಯಿಗೆ ದುಪಟ್ಟಾ ಕಟ್ಟಿಕೊಂಡು, ನನ್ನ ವಯಸ್ಸಿನ ಹೆಂಗಸೊಬ್ಬಳು ಮೆಣಸಿನಕಾಯಿ ಸುರಿಯುತ್ತಿದ್ದಳು. ನನ್ನನ್ನು ನೋಡಿದವಳೇ ಮಷಿನ್ ಆರಿಸಿದಳು.

"ಬರ್ರಿ ಡಾಕ್ಟ್ರೆ, ಕೂಡ್ರಿ. ಕಾರ ಮೂಗಿಗೆ ಹೊಡಿತೈತೆ, ಸೆರಗು ಹಿಡ್ಕಳ್ರಿ."

ನಾಲ್ಕು ದಶಕದ ಮೇಲೆ ನೋಡುತ್ತಿದ್ದರೂ ಹೀಗೆ ಗುರುತು ಹಿಡಿದಳಲ್ಲ ಎಂದು ಹಿಗ್ಗಿಹೋದೆ. ಹೇಗೆ ಗುರುತು ಸಿಕ್ಕಿತು ಎಂದು ಕೇಳಿಯೂಬಿಟ್ಟೆ. ಕೇಳಬಾರದಿತ್ತು.

"ಹನ್ನೆರಡು ವರ್ಷದ ಹಿಂದೆ ನಿಮ್ಮ ದವಾಖಾನಿಗೆ ಬಂದಿದ್ದೆ," ಎಂದಳು. "ದವಡೆ ಹಲ್ಲು ಕಿತ್ತಿರಿ."

"ಮತ್ತೆ ಯಾಕ ಹೇಳ್ಲಿಲ್ಲ, ನಾನು ಜುಬೇದಾ ಅಂತ?"

"ಬಾಯಿ ತುಂಬ ಹತ್ತಿ ತುರುಕಿದ್ರಿ. ಹೆಂಗೆ ಹೇಳ್ಲಿ?"

ಅವಳು ನಕ್ಕಳು. ನಾನೂ ನಕ್ಕೆ, ಆದರೆ ನನ್ನ ನಗು ಅರ್ಧಕ್ಕೇ ನಿಂತಿತು. ಅರ್ಧ ಗಂಟೆ ಅವಳ ಮುಖದ ಮೇಲೆ ದೀಪ ಹಾಕಿಕೊಂಡು, ಗೇಣು ದೂರದಿಂದ ನೋಡಿದ್ದೇನೆ. ನೋಡಿದ್ದು ಹಲ್ಲನ್ನು. ಅವತ್ತು ರಾತ್ರಿ ಮನೆಗೆ ಬಂದ ಮೇಲೆ ಹಳೆಯ ಕೇಸ್ ಕಾರ್ಡುಗಳನ್ನೆಲ್ಲ ಹುಡುಕಿದೆ. ಇತ್ತು. ಜುಬೇದಾ, ಹರಿಹರ ಎಂದು ನನ್ನದೇ ಅಕ್ಷರದಲ್ಲಿ ಬರೆದಿತ್ತು. ಹಲ್ಲಿನ ನಂಬರಿಗೆ ಮಾತ್ರ ದಪ್ಪಗೆ ಎರಡು ಸುತ್ತು ಹಾಕಿದ್ದೆ.

ಅವಳು ಕೊಟ್ಟ ಚಹಾ ಕುಡಿಯುತ್ತ, ಬಂದ ಕೆಲಸ ಹೇಳಿದೆ. ನಿಮ್ಮ ಗಿರಣಿಯನ್ನು ಸಣ್ಣದಾಗಿ ಮಾಡಿದ್ದೇನೆ, ಹಿಟ್ಟು ಬೀಳುತ್ತಿಲ್ಲ ಎಂದೆ. ಡಾಕ್ಟರು ತಮಾಷೆ ಮಾಡುತ್ತಿದ್ದಾರೋ ಎಂಬಂತೆ ಒಂದು ಗಳಿಗೆ ನೋಡಿದಳು. ಫೋನಿನಲ್ಲಿ ಫೋಟೋ ತೋರಿಸಿದೆ. ಅವಳು ಫೋನು ಕೈಗೆ ತೆಗೆದುಕೊಂಡು ಬಹಳ ಹೊತ್ತು ನೋಡಿದಳು. ಬೆಲ್ಟನ್ನು ನೇರ ಹಾಕಿದ್ದೀರಿ, ನಾವು ಎಂಟರ ಅಂಕಿಯ ಹಾಗೆ ತಿರುವಿ ಹಾಕುತ್ತಿದ್ದೆವು ಎಂದಳು. ಲೋಟ ಕಟ್ಟಿದ್ದು ಸರಿ ಇದೆ ಎಂದಳು. ಕಲ್ಲಿಗೆ ಮುಳ್ಳು ಹಾಕಲು ನಾವು ವಾರಕ್ಕೆರಡು ಸಲ ಕಲ್ಲು ಎತ್ತಿಸುತ್ತಿದ್ದೆವು ಎಂದಳು. ನಿಮ್ಮಪ್ಪ ಒಬ್ಬರೇ ಹೇಗೆ ಎತ್ತುತ್ತಿದ್ದರು ಎಂದೆ.

"ಅಬ್ಬಾಗೆ ಹಿಟ್ಟಿನ ಧೂಳಿಗೆ ದಮ್ಮು ಹತ್ತಿತ್ತು. ನಾವು ಏಳು ಪಾಸಾದ ರಜೆದಾಗೆ ಜಾಸ್ತಿ ಆತು. ಎತ್ತಾಕೆ ಆಳು ಬರ್ತಿದ್ದ. ಮುಳ್ಳು ಹಾಕೋದು ಅವತ್ತಿಂದ ನಂದೇ."

ನನಗೆ ಗೊತ್ತೇ ಇರಲಿಲ್ಲ ಎಂದೆ. ಯಾರಿಗೂ ಗೊತ್ತಿರಲಿಲ್ಲ ಎಂದಳು ಅವಳು. ಹುಡುಗಿ ಕಲ್ಲು ಕಟೆಯುತ್ತಾಳೆ ಎಂದು ತಿಳಿದರೆ ಜನ ಬೇರೆ ಗಿರಣಿಗೆ ಹೋದಾರು ಎಂದು ಅವಳ ಅಬ್ಬ ಬೆಳಿಗ್ಗೆ ಶಟರ್ ಎಳೆದು ಒಳಗೆ ಕೂರಿಸುತ್ತಿದ್ದರಂತೆ. ಮದುವೆಯಾಗುವವರೆಗೆ ಏಳು ವರ್ಷ ಅವಳು ಹಾಗೆ ಕೂತಿದ್ದಳು. ಮಾತಾಡುತ್ತ ಎಡಗೈ ಚಾಚಿ ತೋರಿಸಿದಳು. ಮುಂಗೈ ಮೇಲೆ ಚರ್ಮದೊಳಗೆ ನೀಲಿಗಪ್ಪು ಚುಕ್ಕಿಗಳು. ಕಲ್ಲು ಕಟೆಯುವ ಚಾಣದ ತುದಿಯಿಂದ ಸಿಡಿದ ಉಕ್ಕಿನ ಚೂರುಗಳು, ಹಾಗೇ ಉಳಿದುಕೊಂಡಿವೆ.

ಆ ಚುಕ್ಕಿಗಳನ್ನು ನಾನು ಹಿಂದೆಯೇ ನೋಡಿದ್ದೆ. ಹಿಟ್ಟಿಗೆ ಹೋದಾಗ ಚೀಲ ಹಿಡಿದ ಆ ಕೈ ನನ್ನ ಕಣ್ಣೆದುರಿಗೇ ಇರುತ್ತಿತ್ತು. ಶಾಯಿ ಎಂದುಕೊಂಡಿದ್ದೆ. ನನ್ನ ಕೈ ತುಂಬ ಆಗ ಶಾಯಿಯೇ ಇರುತ್ತಿತ್ತಲ್ಲ. ಶಾಲೆ ಬಿಟ್ಟವಳ ಕೈಗೆ ಶಾಯಿ ಎಲ್ಲಿಂದ ಬಂತು ಎಂದು ಯೋಚಿಸುವ ಬುದ್ಧಿ ತರಗತಿಗೆ ಮೊದಲಿಗಳಾದ ನನಗೆ ಇರಲಿಲ್ಲ.

ಮುಂದಿನ ಭಾನುವಾರ ಬಂದು ಒಮ್ಮೆ ನೋಡಿ ಹೋಗುತ್ತೀಯಾ ಎಂದು ಕೇಳಿದೆ. ಮಷಿನ್ ಬಿಟ್ಟು ಬರಲಾಗುವುದಿಲ್ಲ ಎಂದಳು. ಚಹಾದ ಲೋಟ ಇಟ್ಟು ಎದ್ದೆ. ಹೊಸ್ತಿಲು ದಾಟುವಾಗ, ಬೆಳಿಗ್ಗೆ ಎಷ್ಟು ಗಂಟೆಗೆ ಬಂದರೆ ಅನುಕೂಲ ಎಂದು ಹಿಂದಿನಿಂದ ಕೇಳಿದಳು.

ಬಂದಳು. ಕಾರದ ಪುಡಿಯ ಒಂದು ಪೊಟ್ಟಣ ರುದ್ರೇಶರ ಕೈಗೆ ಕೊಟ್ಟು, ಸೀದಾ ಮೆಟ್ಟಿಲು ಹತ್ತಿದಳು. ಮೇಜಿನ ಮುಂದೆ ನಿಂತು, ಸೆರಗಿನಂತೆ ದುಪಟ್ಟಾದ ತುದಿಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡಳು. ಮಾಡನ್ನು ಮುಟ್ಟಲಿಲ್ಲ, ಎಂಜಿನ್ನನ್ನು ಮುಟ್ಟಲಿಲ್ಲ. ಮೊದಲು ಎರಡು ಬೆರಳಿನಲ್ಲಿ ಮೇಣದ ಮಕ್ಬುಲ್ ಸಾಬರನ್ನು ಎತ್ತಿದಳು.

"ಅಬ್ಬ ಇಲ್ಲಿ ನಿಲ್ತಿರಲಿಲ್ಲ," ಎಂದು ಅವರನ್ನು ಪುಟ್ಟ ಗಿರಣಿಯ ಬಾಗಿಲ ಬಳಿ ಇಟ್ಟಳು. ಕಲ್ಲಿನ ಪಕ್ಕದ ಜಾಗ ಖಾಲಿಯಾಯಿತು. ಅಲ್ಲಿಗೆ ಒಂದು ಹುಡುಗಿಯನ್ನು ಮಾಡುತ್ತೇನೆ ಎಂದೆ. ಬೇಡ, ನಾನು ಇಲ್ಲೇ ನಿಂತಿದ್ದೇನಲ್ಲ ಎಂದಳು.

ಎಂಜಿನ್ ಚಾಲೂ ಮಾಡಿಸಿದಳು. ತಲೆ ಒಂದು ಕಡೆ ವಾಲಿಸಿ ಸದ್ದು ಕೇಳಿದಳು. ಕಲ್ಲು ತಿರುಗುವ ದಿಕ್ಕು ನೋಡಿದಳು, ಆ ವಾರದಲ್ಲಿ ನಾನು ಬೆಲ್ಟನ್ನು ಅವಳು ಹೇಳಿದ ಹಾಗೆ ಎಂಟರಂತೆ ತಿರುವಿ ಹಾಕಿದ್ದರಿಂದ ಈಗ ಅದು ಸರಿಯಾಗಿದೆ ಎಂದಳು. ಒಂದು ಚಿಟಿಕೆ ರಾಗಿ ಹಾಕಿ, ಕೆಳಗೆ ಬಿದ್ದದ್ದನ್ನು ಹೆಬ್ಬೆರಳಿನಲ್ಲಿ ಉಜ್ಜಿ ನೋಡಿದಳು. ಆರಿಸಿರಿ, ಕಲ್ಲು ಬಿಚ್ಚಿರಿ ಎಂದಳು. ಬಿಚ್ಚಿ ಎರಡನ್ನೂ ಮುಖ ಮೇಲೆ ಮಾಡಿ ಮೇಜಿನ ಮೇಲೆ ಪಕ್ಕಪಕ್ಕ ಇಟ್ಟೆ. ಅವಳು ಕಣ್ಣು ಮುಚ್ಚಿಕೊಂಡು ಎರಡರ ಮೇಲೂ ಬೆರಳು ಆಡಿಸಿದಳು. ಇಷ್ಟು ಹೊತ್ತು ನನಗೆ ಪರೀಕ್ಷೆಯಲ್ಲಿ ಮೇಷ್ಟ್ರು ಬಂದು ಉತ್ತರ ಪತ್ರಿಕೆಯ ಮೇಲೆ ಬಾಗಿದಂತೆ ಆಗಿತ್ತು.

"ಒಂದಕ್ಕೊಂದು ಉಲ್ಟಾ ಹಾಕೀರಿ," ಎಂದಳು.

ಹೌದು, ಬೇಕೆಂದೇ ಹಾಗೆ ಹಾಕಿದ್ದೆ. ಕೆಳಗಿನ ದವಡೆಗೆ ಮೇಲಿನ ದವಡೆ ಕನ್ನಡಿಯಲ್ಲಿ ಕಂಡ ಹಾಗೆ ಇರಬೇಕೆಂಬುದು ನನ್ನ ಲೆಕ್ಕ. ಮೂವತ್ತು ವರ್ಷದಿಂದ ಜನರ ಬಾಯನ್ನು ಕನ್ನಡಿಯಲ್ಲಿ ನೋಡಿಕೊಂಡು ಬಂದವಳಿಗೆ ಬೇರೆ ಏನು ಹೊಳೆದೀತು? ಹಾಗೆಂದು ವಿವರಿಸಿದೆ. ಜುಬೇದಾ ತನ್ನೆರಡು ಅಂಗೈಗಳನ್ನು ನನ್ನ ಮುಂದೆ ಬಿಡಿಸಿ ಹಿಡಿದಳು. ಆಮೇಲೆ ಒಂದಕ್ಕೊಂದು ಜೋಡಿಸಿದಳು. ಬೆರಳಿನ ಮೇಲೆ ಬೆರಳು ಸರಿಯಾಗಿ ಕೂತವು.

"ನೋಡ್ರಿ, ಕೈ ಮುಗಿದಂಗೆ ಕೂತಾವೆ. ಗೆರೆ ಮ್ಯಾಲೆ ಗೆರೆ. ಕಾಳು ಸುಮ್ನೆ ಅದರಾಗೆ ಹರದು ಹೊರಗೆ ಬರ್ತೈತೆ. ಎರಡೂ ಕಲ್ಲಿಗೆ ಒಂದೇ ಕೈ, ಒಂದೇ ಕಡೆ ವಾಲಿದ ಗೆರೆ ಹಾಕ್ಬೇಕು. ಆಗ ಮಗುಚಿ ಇಟ್ರೆ ಕತ್ತರಿ ಹಂಗೆ ಅಡ್ಡಡ್ಡ ಕೂಡ್ತಾವೆ."

ನಾನು ಐದು ತಿಂಗಳು ಹುಡುಕಿದ್ದು ಇದನ್ನು. ಬಾಗಿಲಲ್ಲಿ ನಿಂತಿದ್ದ ರುದ್ರೇಶ್ ಕನ್ನಡಕ ಒರೆಸಿಕೊಂಡು, ಪ್ರತಿಬಿಂಬದ ಪ್ರತಿಬಿಂಬ ಮೊದಲಿನದೇ ಆಗುತ್ತದೆ, ಇದು ಬಹಳ ಸುಲಭದ ಲೆಕ್ಕ, ಹೇಳಿದ್ದರೆ ನಾನೇ ಮಾಡಿಕೊಡುತ್ತಿದ್ದೆ ಎಂದರು. ದಿನಾ ಸಂಜೆ ಮಂಡಕ್ಕಿ ತಿನ್ನುತ್ತ ಇದೇ ಕಲ್ಲನ್ನು ನೋಡುತ್ತಿದ್ದವರು ಯಾರು ಎಂದು ಕೇಳಿದ್ದಕ್ಕೆ, ಚಹಾಕ್ಕೆ ಇಡುತ್ತೇನೆ ಎಂದು ಕೆಳಗಿಳಿದರು.

ಮೇಲಿನ ಕಲ್ಲಿನ ಹಿಂಬದಿ ನುಣ್ಣಗಿತ್ತು. ಅದನ್ನೇ ಮುಖ ಮಾಡಿಕೊಂಡು ಹೊಸದಾಗಿ ಮುಳ್ಳು ಹಾಕೋಣ ಎಂದಳು ಜುಬೇದಾ. ನಾನು ಹಲ್ಲು ಕೊರೆಯುವ ಯಂತ್ರ ತಂದು, ಹೊಸ ಬರ್ ಸಿಕ್ಕಿಸಿ, ನೀನೇ ಹಾಕು ಎಂದೆ. ಯಂತ್ರ ಕಿರ್ರೆಂದಿತು. ಅವಳು ಒಂದು ಹೆಜ್ಜೆ ಹಿಂದೆ ಸರಿದಳು. ಹಲ್ಲು ಕೀಳಿಸಿಕೊಂಡ ದಿನ ಇದೇ ಸದ್ದು ಕೇಳಿ ಅರ್ಧ ಜೀವ ಹೋಗಿತ್ತು ಎಂದಳು. ಆಮೇಲೆ ಕೂತು, ನನ್ನ ಭೂತಗನ್ನಡಿ ಇರುವ ಕನ್ನಡಕ ಹಾಕಿಕೊಂಡು, ಯಂತ್ರವನ್ನು ಪೆನ್ನಿನ ಹಾಗೆ ಹಿಡಿದಳು. ಕಿರುಬೆರಳನ್ನು ಕಲ್ಲಿನ ಅಂಚಿಗೆ ಊರಿ ಅದರ ಆಧಾರದ ಮೇಲೆ ಕೈ ತಿರುಗಿಸಿದಳು. ಹಾಗೆ ಬೆರಳು ಊರುವುದನ್ನು ಕಲಿಯಲು ನನಗೆ ಕಾಲೇಜಿನಲ್ಲಿ ಒಂದು ವರ್ಷ ಬೇಕಾಗಿತ್ತು, ಎಷ್ಟೋ ಸಲ ಬೈಸಿಕೊಂಡಿದ್ದೆ. ಇವಳಿಗೆ ಯಾರೂ ಕಲಿಸಿರಲಿಲ್ಲ. ಶಟರ್ ಎಳೆದ ಗಿರಣಿಯಲ್ಲಿ, ಹದಿಮೂರರ ಹುಡುಗಿ ತಾನೇ ಕಂಡುಕೊಂಡದ್ದು ಅದು.

ನಡುಮಧ್ಯಾಹ್ನದವರೆಗೆ ಕೂತಳು. ಗೆರೆಗಳು ಒಂದರ ಪಕ್ಕ ಒಂದು, ಬಾಚಿದ ಹಾಗೆ ಬಂದವು. ನಾನು ಅಳತೆಪಟ್ಟಿ ಇಟ್ಟು ಹಾಕಿದ್ದಕ್ಕಿಂತ ಅವು ಸಮವಾಗಿದ್ದವು. ಆ ಬರ್ ಮಾತ್ರ ಪೂರ್ತಿ ಸವೆಯಿತು.

ಕಲ್ಲು ಮಗುಚಿ ಕೂರಿಸಿದೆವು. ಗಾಲಿಗೆ ದಾರ ಸುತ್ತಿ ಎಳೆದೆ. ಮೂರನೆಯ ಎಳೆತಕ್ಕೆ ಎಂಜಿನ್ ಹಿಡಿದುಕೊಂಡಿತು, ಲೋಟ ಪುಕ್ ಪುಕ್ ಎಂದಿತು. ಚಮಚದಲ್ಲಿ ರಾಗಿ ಹಾಕಿದೆ. ಸದ್ದೇ ಬದಲಾಗಿತ್ತು, ಮೊದಲಿನ ಗಡಗಡ ಇರಲಿಲ್ಲ, ಒಂದೇ ಸಮನೆ ಸುಯ್ಯೆನ್ನುತ್ತಿತ್ತು. ಕಲ್ಲಿನ ಬಾಯಲ್ಲಿ ಏನೂ ಕಾಣಲಿಲ್ಲ. ಆಮೇಲೆ ದಾರದೆಳೆಯಷ್ಟು ಸಣ್ಣಗೆ, ಕಂದುಬಣ್ಣದ ಹಿಟ್ಟು ಇಳಿಯತೊಡಗಿತು.

ನನಗೆ ಕೈ ನಿಲ್ಲಲಿಲ್ಲ. ಇನ್ನೊಂದು ಚಮಚ ಹಾಕಿದೆ, ಮತ್ತೊಂದು ಹಾಕಿದೆ, ಸಾಲದೆಂದು ಬೆರಳಿನಿಂದ ಒಳಕ್ಕೆ ತಳ್ಳಿದೆ. ಎಂಜಿನ್ ತಿಣುಕಿತು. ಚಟ್ಟನೆ ನನ್ನ ಮುಂಗೈ ಮೇಲೆ ಒಂದು ಏಟು ಬಿತ್ತು.

"ಏ ಗಿರ್ಜಿ, ಕೈ ತೆಗಿ. ತುಂಬಬ್ಯಾಡ. ಅದರ ಪಾಡಿಗೆ ಅದು ತಗಳ್ಳಲಿ ಬಿಡು."

ಕೈ ತೆಗೆದೆ. ಎಂಜಿನ್ ಮತ್ತೆ ಸರಿಯಾಯಿತು. ನಾವಿಬ್ಬರೂ ಒಬ್ಬರನ್ನೊಬ್ಬರು ನೋಡಲಿಲ್ಲ, ಕಲ್ಲನ್ನೇ ನೋಡುತ್ತ ನಿಂತೆವು. ಅವಳು ಹೇಳಿದ್ದು ಅವಳಿಗೆ ಗೊತ್ತಾಯಿತೋ ಇಲ್ಲವೋ ನಾನರಿಯೆ. ಡಾಕ್ಟ್ರೆ ಎಂಬುದು ಮಾತ್ರ ಅವತ್ತಿನಿಂದ ನಮ್ಮ ಮಹಡಿಯಲ್ಲಿ ಮತ್ತೆ ಕೇಳಿಲ್ಲ.

ಚಹಾ ತಂದ ರುದ್ರೇಶ್ ತಟ್ಟೆಯಲ್ಲಿ ಹಿಟ್ಟು ನೋಡಿ ಖುಷಿಯಿಂದ ಒಂದು ಚಿಟಿಕೆ ಬಾಯಿಗೆ ಹಾಕಿಕೊಂಡರು. ಜುಬೇದಾ ತಡೆಯುವಷ್ಟರಲ್ಲಿ ಕರಕರ ಸದ್ದು ಕೇಳಿತು. ಹೊಸ ಮುಳ್ಳು ಹಾಕಿದ ಮೇಲೆ ಮೊದಲು ಬಿದ್ದ ಹಿಟ್ಟಿನಲ್ಲಿ ಕಲ್ಲಿನ ಪುಡಿ ಇರುತ್ತದೆ, ತಿನ್ನಬಾರದು, ಅದನ್ನು ನಾವು ಗೋಡೆಗೆ ಸಿನಿಮಾ ಪೋಸ್ಟರ್ ಹಚ್ಚುವವರಿಗೆ ಅಂಟು ಮಾಡಿಕೊಳ್ಳಲು ಕೊಡುತ್ತಿದ್ದೆವು ಎಂದಳು. ರುದ್ರೇಶ್ ಬಾಯಿ ಮುಕ್ಕಳಿಸಲು ಓಡಿದರು. ಅವರ ಹಲ್ಲನ್ನು ಆಮೇಲೆ ನಾನು ನೋಡಿಕೊಟ್ಟೆ, ಏನೂ ಆಗಿರಲಿಲ್ಲ.

ಆ ಹಿಟ್ಟನ್ನು ಬೇರೆ ತೆಗೆದಿಟ್ಟು ಮತ್ತೆ ಬೀಸಿದೆವು. ಒಂದೂವರೆ ಗಂಟೆ ಬೀಸಿದ್ದಕ್ಕೆ ಒಂದು ಹಿಡಿಯಷ್ಟು ಹಿಟ್ಟು. ಮೂರು ಸಣ್ಣ ಲೋಟ ಅಂಬಲಿಯಾಯಿತು. ಮೇಜಿನ ಸುತ್ತ ನಿಂತೇ ಕುಡಿದೆವು. ಅಂಗಡಿಯ ಹಿಟ್ಟಿನ ಅಂಬಲಿಗಿಂತ ಅದು ಒಂದು ಕೂದಲೆಳೆಯಷ್ಟೂ ಬೇರೆ ಇರಲಿಲ್ಲ. ಆದರೂ ಮೂವರೂ ಲೋಟದ ತಳವನ್ನು ಬೆರಳಿನಿಂದ ಬಳಿದೆವು.

ಸಂಜೆ ಅವಳು ಹೊರಡುವ ಮೊದಲು ನನ್ನ ಮನಸ್ಸಿನಲ್ಲಿದ್ದದ್ದನ್ನು ಹೇಳಿದೆ. ಈ ಗಿರಣಿ ನಿನ್ನದು, ಒಯ್ದು ನಿಮ್ಮ ಮನೆಯಲ್ಲಿಟ್ಟುಕೋ, ಕಾರ ಬೀಸಿಸಲು ಬಂದವರು ನೋಡಲಿ, ನಾನು ಕಾರಿನಲ್ಲಿ ತಂದುಕೊಡುತ್ತೇನೆ ಎಂದೆ. ಹೇಳುವಾಗ ಅವಳ ಕಡೆ ನೋಡದೆ ಲೋಟಗಳನ್ನು ಒಂದರೊಳಗೊಂದು ಇಡುತ್ತಿದ್ದೆ. ಎರಡು ವರ್ಷ ಮಾಡಿದ್ದನ್ನು ಕೊಡುವ ಸಂಕಟವೋ, ಇಷ್ಟು ವರ್ಷ ನೋಡದೆ ಇದ್ದದ್ದಕ್ಕೆ ಇದೊಂದನ್ನು ಕೊಟ್ಟು ಹಗುರಾಗುವ ಆಸೆಯೋ, ಎರಡೂ ಇರಬೇಕು.

ಜುಬೇದಾ ಬಟ್ಟೆಗೆ ಕೈ ಒರೆಸಿಕೊಂಡಳು. ಗಿರಣಿಯ ಸುತ್ತ ಒಮ್ಮೆ ನಡೆದಳು. ತಗಡಿನ ಮಾಡಿನ ಮೇಲೆ ಬಿದ್ದಿದ್ದ ಹಿಟ್ಟನ್ನು ಬಾಯಿಂದ ಊದಿದಳು.

"ಬ್ಯಾಡ. ಅಲ್ಲಿ ಒಯ್ದಿಟ್ರೆ ಅದೂ ಒಂದು ಕೆಲಸ ಆಗ್ತೈತೆ. ಇಲ್ಲೇ ಇರ್ಲಿ, ಇಲ್ಲಿದ್ರೆ ಆಟ," ಎಂದಳು. "ಆ ಗಿರಣ್ಯಾಗೆ ನಾನು ಒಂದು ದಿನಾನೂ ಆಟ ಆಡಿಲ್ಲ."

ಹರಿಹರದ ಬಸ್ಸುಗಳು ಹತ್ತು ನಿಮಿಷಕ್ಕೊಂದು ಇರುತ್ತವೆ ಎಂದು ರುದ್ರೇಶ್ ಕೆಳಗಿನಿಂದ ಕೂಗಿ ಹೇಳಿದರು. ಹಾಗಾದರೆ ಅವಸರವಿಲ್ಲ ಎಂದಳು ಅವಳು. ದುಪಟ್ಟಾದ ತುದಿಯನ್ನು ಮತ್ತೆ ಸೊಂಟಕ್ಕೆ ಸಿಕ್ಕಿಸಿಕೊಂಡು, ನನ್ನ ಕೈಯಲ್ಲಿದ್ದ ದಾರವನ್ನು ಕಿತ್ತುಕೊಂಡು, ಗಾಲಿಗೆ ಸುತ್ತತೊಡಗಿದಳು.